ಕಪ್ಪು ಕನ್ನಡಕದ ತರುಣ

(ಶಾಲಾ ವಾರ್ಷಿಕೋತ್ಸವದ ಸಂಜೆ, ಮಕ್ಕಳ ನಾಟಕಕ್ಕೆ ಮುಂಚೆ ಮಾಡಿದ ಭಾಷಣದ ಬರಹರೂಪ)



ನಾಟಕವನ್ನು ನೋಡಲು ಬಂದವರನ್ನು ಭಾಷಣದಿಂದ ತಡೆದು ಕುಳ್ಳಿರಿಸುವುದು ಸಣ್ಣ ಅಪರಾಧವಲ್ಲವೆಂಬುದನ್ನು ನಾನು ಬಲ್ಲೆ. ಆದರೂ ಸಂಘದವರ ಆಜ್ಞೆಯನ್ನು ಮೀರಲಾರದೆ ನಿಂತಿದ್ದೇನೆ. ನನಗೊಂದು ಹಳೆಯ ಸಾಲವೂ ಇದೆ. ಕಳೆದ ವರ್ಷ ಇದೇ ಅಂಗಳದಲ್ಲಿ ಪೋಷಕರೊಬ್ಬರು ನನ್ನನ್ನು ಬದಿಗೆ ಕರೆದು, "ಮಾಸ್ಟ್ರೇ, ಹುಡುಗ ಎರಡು ತಿಂಗಳಿಂದ ನಾಟಕ ನಾಟಕವೆಂದು ಕುಣಿಯುತ್ತಾನೆ, ಪುಸ್ತಕ ಮುಟ್ಟುವುದಿಲ್ಲ. ಇದರಿಂದ ಅವನಿಗೆ ಮುಂದೆ ಆಗುವುದಾದರೂ ಏನು?" ಎಂದು ಕೇಳಿದರು. ಅವರ ದನಿಯಲ್ಲಿ ಕೋಪವಿರಲಿಲ್ಲ, ಕಳವಳವಿತ್ತು. ಕೋಪಕ್ಕಾದರೆ ಏನಾದರೊಂದು ಉತ್ತರವನ್ನು ಕೊಟ್ಟುಬಿಡಬಹುದು. ಕಳವಳಕ್ಕೆ ಹಾಗೆ ಕೊಡಲಾಗುವುದಿಲ್ಲ. ಅಂದು ನಾನು ಸುಮ್ಮನಾದೆ. ಇಂದು ಆ ಪ್ರಶ್ನೆಗೆ ಉತ್ತರವಾಗಿ ವಾದವನ್ನು ಹೂಡದೆ, ದೂರದ ಪೋಲೆಂಡ್ ದೇಶದ ಒಬ್ಬ ನಟನ ಆರಂಭದ ದಿನಗಳ ಕಥೆಯನ್ನು ನಿಮ್ಮ ಮುಂದಿಡುತ್ತೇನೆ. ಅದು ಉತ್ತರವಾಗುವುದೋ ಇಲ್ಲವೋ, ತೀರ್ಪು ನಿಮ್ಮದು.

ಆತನ ಹೆಸರು ಜ್ಬಿಗ್ನ್ಯೆಫ್ ತ್ಸಿಬುಲ್ಸ್ಕಿ. ಮಕ್ಕಳು ನಗುತ್ತಿರುವುದು ನನಗೆ ಕೇಳಿಸುತ್ತಿದೆ. ನಗಲಿ, ನಾನೂ ಈ ಹೆಸರನ್ನು ಕನ್ನಡಿಯ ಮುಂದೆ ನಿಂತು ಅಭ್ಯಾಸ ಮಾಡಿಕೊಂಡೇ ಬಂದವನು. ಇನ್ನೂ ನಗುವವರಿಗಾಗಿ ಇನ್ನೊಂದು ಸಂಗತಿ: ಈ ಮನೆತನದ ಹೆಸರು ಪೋಲಿಷ್ ಭಾಷೆಯಲ್ಲಿ ಈರುಳ್ಳಿಗಿರುವ ಪದದಿಂದ ಹುಟ್ಟಿದುದು.

ಆತನು 1927ನೆಯ ನವೆಂಬರ್ 3ರಂದು ಕ್ನ್ಯಾಝೆ ಎಂಬ ಹಳ್ಳಿಯಲ್ಲಿ ಜನಿಸಿದನು. ಅಂದು ಆ ಹಳ್ಳಿ ಪೋಲೆಂಡಿನ ಆಗ್ನೇಯ ಅಂಚಿನಲ್ಲಿತ್ತು. ಇಂದು ಅದು ಉಕ್ರೇನಿನಲ್ಲಿದೆ. ಹಳ್ಳಿ ಇದ್ದಲ್ಲಿಯೇ ಇದೆ, ಗೆರೆ ಮಾತ್ರ ಸರಿದಿದೆ. 1956ರಲ್ಲಿ ರಾಜ್ಯಗಳ ಎಲ್ಲೆಗಳನ್ನು ಹೊಸದಾಗಿ ಎಳೆದುದನ್ನು ಮನೆಯ ಹಿರಿಯರ ಬಾಯಿಂದ ಕೇಳಿ ಬೆಳೆದ ನಮ್ಮ ಸೀಮೆಯ ಮಕ್ಕಳಿಗೆ ಇದನ್ನು ಹೆಚ್ಚಾಗಿ ವಿವರಿಸಬೇಕಾಗಿಲ್ಲ. ಆದರೆ ಒಂದು ಭೇದವನ್ನು ಮರೆಯಬಾರದು. ನಮ್ಮಲ್ಲಿ ಗೆರೆ ಸರಿದಾಗ ಜನರು ತಮ್ಮ ತಮ್ಮ ಮನೆಗಳಲ್ಲಿಯೇ ಉಳಿದರು. ಅಲ್ಲಿ ಗೆರೆ ಸರಿದದ್ದು ಮಹಾಯುದ್ಧದ ನೆತ್ತರಿನಲ್ಲಿ; ಗೆರೆಯೊಡನೆ ಲಕ್ಷಾಂತರ ಜನರೂ ಮನೆಮಠಗಳನ್ನು ಬಿಟ್ಟು ಪಶ್ಚಿಮಕ್ಕೆ ಸಾಗಬೇಕಾಯಿತು.

1939ರ ಸೆಪ್ಟೆಂಬರಿನಲ್ಲಿ ಪಶ್ಚಿಮದಿಂದ ಹಿಟ್ಲರನ ಸೈನ್ಯವೂ ಪೂರ್ವದಿಂದ ಸೋವಿಯತ್ ಸೈನ್ಯವೂ ಪೋಲೆಂಡನ್ನು ಹೊಕ್ಕು ಹಂಚಿಕೊಂಡಾಗ ಈ ಬಾಲಕನಿಗೆ ಇನ್ನೂ ಹನ್ನೆರಡು ತುಂಬಿರಲಿಲ್ಲ. ಯುದ್ಧ ಮುಗಿದಾಗ ಹದಿನೇಳು. ಅಂದರೆ, ಇಂದು ಇಲ್ಲಿ ಮುಂದಿನ ಸಾಲುಗಳಲ್ಲಿ ಕುಳಿತಿರುವ ಮಕ್ಕಳು ಆರನೆಯ ತರಗತಿಯಿಂದ ಹನ್ನೊಂದನೆಯ ತರಗತಿಯವರೆಗೆ ಕಳೆಯುವ ಕಾಲವನ್ನೆಲ್ಲ ಆತನು ಯುದ್ಧದಲ್ಲಿ ಕಳೆದನು. ಯುದ್ಧಾನಂತರ, ಅದುವರೆಗೆ ಜರ್ಮನಿಯದಾಗಿದ್ದು ಹೊಸದಾಗಿ ಪೋಲೆಂಡಿಗೆ ಸೇರಿದ ಸಿಲೇಸಿಯ ಪ್ರಾಂತದ ಒಂದು ಪಟ್ಟಣದಲ್ಲಿ ಪ್ರೌಢಶಾಲೆಯ ಪರೀಕ್ಷೆಯನ್ನು ಮುಗಿಸಿದನು.

ಪೋಷಕರು ಇಲ್ಲಿ ಕಿವಿಗೊಡಬೇಕು. ಆ ಹುಡುಗನು ನೇರವಾಗಿ ನಾಟಕಕ್ಕೆ ಹಾರಿದವನಲ್ಲ. ಕ್ರಾಕುವ್ ನಗರಕ್ಕೆ ಹೋಗಿ ಮೊದಲು ವಾಣಿಜ್ಯ ವಿದ್ಯಾಲಯಕ್ಕೆ ಸೇರಿದನು, ಪತ್ರಿಕೋದ್ಯಮವನ್ನೂ ಓದಿದನು. ಎರಡೂ ಮರ್ಯಾದಸ್ಥ ಮನೆಗಳು ಒಪ್ಪುವಂಥ ವಿದ್ಯೆಗಳೇ. ಅವುಗಳನ್ನು ಬಿಟ್ಟು ಅದೇ ನಗರದ ಸರಕಾರಿ ನಾಟ್ಯ ಮಹಾವಿದ್ಯಾಲಯವನ್ನು ಸೇರಿ 1953ರಲ್ಲಿ ಪದವೀಧರನಾದನು. ಆ ವಿದ್ಯಾಲಯದಲ್ಲಿ ದೊರೆತ ಗೆಳೆಯನೊಬ್ಬನ ಹೆಸರನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ: ಬೊಗುಮಿಲ್ ಕೊಬ್ಯೆಲಾ. ಒಬ್ಬನು ಗಂಭೀರ, ಮತ್ತೊಬ್ಬನು ಹಾಸ್ಯಪ್ರಿಯ. ಆದರೂ ಕಡೆಯವರೆಗೆ ಜೊತೆ ಬಿಡಲಿಲ್ಲ.

ಪದವಿಯನ್ನು ಪಡೆದ ನಟರಿಗೆ ರಾಜಧಾನಿಯ ಮೇಲೆ ಕಣ್ಣಿರುವುದು ಲೋಕರೂಢಿ. ಇವರು ಹೋದದ್ದು ಬಾಲ್ಟಿಕ್ ಸಮುದ್ರದ ದಡದ ಗ್ದಾನ್ಸ್ಕ್ ನಗರಕ್ಕೆ. 1945ರಲ್ಲಿ ಸುಟ್ಟು ಇಟ್ಟಿಗೆಯ ರಾಶಿಯಾಗಿದ್ದ ಆ ಬಂದರು ನಗರವನ್ನು ಜನರು ಆಗಿನ್ನೂ ಮರಳಿ ಕಟ್ಟುತ್ತಿದ್ದರು. ಹಡಗು ಕಟ್ಟುವ ಕಾರ್ಖಾನೆಗಳು, ತಾಂತ್ರಿಕ ವಿದ್ಯಾಲಯ, ಚಿತ್ರಕಲಾ ಶಾಲೆ, ಎಲ್ಲೆಲ್ಲಿಂದಲೋ ಬಂದು ನೆಲೆಸಿದ ಹೊಸಬರು, ಇವರೆಲ್ಲರ ಊರು ಅದು. ಅಲ್ಲಿಯ 'ಕರಾವಳಿ ರಂಗಮಂದಿರ'ದಲ್ಲಿ ಇಬ್ಬರೂ ಸಂಬಳದ ನಟರಾದರು. ಜೀವನಕ್ಕೆ ಅದು ಸಾಕಾಗಿತ್ತು, ಮನಸ್ಸಿಗೆ ಸಾಲಲಿಲ್ಲ.

1954ರಲ್ಲಿ ಇವರು ನಗರದ ವಿದ್ಯಾರ್ಥಿಗಳನ್ನು ಕೂಡಿಸಿಕೊಂಡು ಒಂದು ನಾಟಕ ತಂಡವನ್ನು ಕಟ್ಟಿದರು. ಅದರ ಹೆಸರು 'ಬಿಂ-ಬೊಂ'. ಗಂಟೆಯ ನಾದದಂತಿರುವ, ಎಳೆಯ ಮಗುವೂ ನುಡಿಯಬಲ್ಲ ಹೆಸರು. ಹೆಚ್ಚಿನ ಸದಸ್ಯರು ವೃತ್ತಿನಟರಲ್ಲ. ಚಿತ್ರ ಬರೆಯುವವರು, ಯಂತ್ರವಿದ್ಯೆ ಕಲಿಯುವವರು, ಕಟ್ಟಡದ ನಕ್ಷೆ ತೆಗೆಯುವವರು. ಹಗಲು ಪಾಠ, ರಾತ್ರಿ ಅಭ್ಯಾಸ.

ಈ ಬಿಂ-ಬೊಂ ತಂಡದ ರೀತಿಯನ್ನು ನಾನು ಸ್ವಲ್ಪ ನಿಧಾನವಾಗಿಯೇ ಹೇಳಬೇಕು; ನನ್ನ ಇಂದಿನ ಮಾತಿನ ತಿರುಳು ಇರುವುದು ಇಲ್ಲಿಯೇ. ಸ್ಟಾಲಿನನು 1953ರಲ್ಲಿ ಮಡಿದಿದ್ದನಾದರೂ ಆತನ ಕಾಲದ ಕಟ್ಟಳೆಗಳು ಪೋಲೆಂಡಿನಲ್ಲಿ ಇನ್ನೂ ಸಡಿಲವಾಗಿರಲಿಲ್ಲ. ರಂಗದ ಮೇಲೆ ಏನನ್ನು ಆಡಬೇಕು, ಹೇಗೆ ಆಡಬೇಕು ಎಂಬುದಕ್ಕೆಲ್ಲ ಮೇಲಿನಿಂದ ಅಪ್ಪಣೆ ಬರುತ್ತಿತ್ತು. ಕಾರ್ಮಿಕ ನಾಯಕನು ಎದೆಯುಬ್ಬಿಸಿ ದೀರ್ಘವಾದ ಭಾಷಣ ಮಾಡುವುದು, ಶತ್ರುವು ಕೊನೆಯಲ್ಲಿ ಸೋಲುವುದು, ಇದೇ ನಾಟಕ. ಪ್ರತಿಯೊಂದು ಮಾತನ್ನೂ ಪರೀಕ್ಷಕರು ಮೊದಲೇ ಓದಿ ಮುದ್ರೆಯೊತ್ತಬೇಕು. ಆಗ ಈ ಹುಡುಗರು ಮಾಡಿದ್ದೇನು? ಮಾತನ್ನೇ ಬಹುಮಟ್ಟಿಗೆ ಬಿಟ್ಟುಬಿಟ್ಟರು! ಚಿಕ್ಕ ಚಿಕ್ಕ ದೃಶ್ಯಗಳು. ಸ್ವಲ್ಪ ಸಂಗೀತ, ಸ್ವಲ್ಪ ಮೂಕಾಭಿನಯ, ರಂಗದ ಮೇಲೆ ಒಂದೆರಡು ಸಾಮಾನುಗಳು, ಒಂದು ನಡಿಗೆ, ಒಂದು ತಿರುಗುನೋಟ. ನೋಡುವವರು ತಾವೇ ಅರ್ಥವನ್ನು ಕಟ್ಟಿಕೊಳ್ಳಬೇಕು. ಬರೆದ ಮಾತಿಗೆ ಕತ್ತರಿ ಹಾಕಬಹುದು. ಒಬ್ಬನು ನಿಟ್ಟುಸಿರು ಬಿಟ್ಟು ಕುರ್ಚಿಯ ಮೇಲೆ ಕುಳಿತುಕೊಳ್ಳುವ ರೀತಿಗೆ ಕತ್ತರಿ ಹಾಕುವುದು ಹೇಗೆ?

ಮೊದಲನೆಯ ಪ್ರದರ್ಶನ 1955ರಲ್ಲಿ. ಅದರ ಹೆಸರು 'ಆಹಾ'. ಮರುವರ್ಷದ್ದು 'ಗಂಭೀರ ಆನಂದ', 1957ರದು 'ಟೋಸ್ಟ್', ಎಂದರೆ ಔತಣದಲ್ಲಿ ಬಟ್ಟಲೆತ್ತಿ ಶುಭ ಕೋರುವುದು. ಎರಡನೆಯ ಹೆಸರು ನನಗೆ ಬಹಳ ಹಿಡಿಸಿದೆ. ಸುಟ್ಟ ಊರಿನಲ್ಲಿ, ಯುದ್ಧದಲ್ಲಿ ಬಾಲ್ಯವನ್ನು ಕಳೆದುಕೊಂಡ ತರುಣರು ಆನಂದವನ್ನು ಗಂಭೀರವಾದ ಕೆಲಸವೆಂದು ತಿಳಿದು ಅದಕ್ಕಾಗಿ ರಾತ್ರಿಗಳನ್ನು ಕಳೆದರು. 1956ರ ಅಕ್ಟೋಬರಿನಲ್ಲಿ ದೇಶದ ರಾಜಕೀಯದಲ್ಲಿ ಬದಲಾವಣೆಯಾಗಿ ಕಟ್ಟಳೆಗಳು ಸಡಿಲಗೊಂಡವು. ಆ ಹೊಸ ಗಾಳಿಯನ್ನು ಮುಂಚಿತವಾಗಿಯೇ ಮೂಸಿ ನೋಡಿದವರಲ್ಲಿ ಇಂಥ ವಿದ್ಯಾರ್ಥಿ ರಂಗಭೂಮಿಗಳವರೂ ಸೇರಿದ್ದರೆಂಬುದನ್ನು ಮರೆಯಲಾಗದು.

ಈ ನಡುವೆ ಚಲನಚಿತ್ರದ ಬಾಗಿಲು ತುಸುವೇ ತೆರೆಯಿತು. ಆಂಜೆಯ್ ವಾಯ್ದಾ ಎಂಬ ತರುಣ ನಿರ್ದೇಶಕನು ತನ್ನ ಮೊದಲ ದೀರ್ಘಚಿತ್ರ 'ಒಂದು ತಲೆಮಾರು' ಎಂಬುದನ್ನು ತಯಾರಿಸುತ್ತಿದ್ದನು; 1955ರಲ್ಲಿ ಅದು ತೆರೆಕಂಡಿತು. ಜರ್ಮನರ ಆಳಿಕೆಗೆ ಸಿಕ್ಕಿದ ವಾರ್ಸಾ ನಗರದ ಬಡ ಹುಡುಗರ ಕಥೆ. ನಾಯಕನ ಪಾತ್ರ ತದೇವುಷ್ ವೊಮ್ನಿತ್ಸ್ಕಿ ಎಂಬ ನಟನಿಗೆ ಹೋಯಿತು. ನಮ್ಮ ತ್ಸಿಬುಲ್ಸ್ಕಿಗೆ ದೊರೆತದ್ದು ಕೊಸ್ತ್ಕಾ ಎಂಬ ಪುಟ್ಟ ಪಾತ್ರ: ಚಿತ್ರದ ಆರಂಭದಲ್ಲಿ ಚಲಿಸುತ್ತಿರುವ ಜರ್ಮನ್ ರೈಲಿನ ಮೇಲೇರಿ ಕಲ್ಲಿದ್ದಲನ್ನು ಕದಿಯುವ ಹುಡುಗರಲ್ಲಿ ಒಬ್ಬ. ಮುಂದೆ ಜಗತ್ಪ್ರಸಿದ್ಧ ನಿರ್ದೇಶಕನಾದ ರೋಮನ್ ಪೊಲಾನ್ಸ್ಕಿಯೂ ಅದೇ ಚಿತ್ರದ ಒಂದು ಚಿಕ್ಕ ಪಾತ್ರದಲ್ಲಿದ್ದಾನೆ. ಚಿತ್ರ ಬಂತು, ಹೊಗಳಿಕೆ ಬಂತು. ಕೊಸ್ತ್ಕಾನನ್ನು ಯಾರೂ ವಿಶೇಷವಾಗಿ ಗುರುತಿಸಲಿಲ್ಲ. ಆತನು ಗ್ದಾನ್ಸ್ಕಿಗೆ ಮರಳಿ ಬಿಂ-ಬೊಂ ಗಂಟೆಯನ್ನು ಬಾರಿಸತೊಡಗಿದನು. ಮುಂದಿನ ಎರಡು ಮೂರು ವರ್ಷ ಕೆಲವು ಚಿತ್ರಗಳಲ್ಲಿ ಪಾತ್ರ ವಹಿಸಿದ್ದುಂಟು. ಅವುಗಳನ್ನು ಇಂದು ನೆನೆಯುವವರು ಕಡಮೆ.

1957ರಲ್ಲಿ ವಾಯ್ದಾನ 'ಕಾಲುವೆ' ಎಂಬ ಚಿತ್ರ ಬಂದಿತು. 1944ರ ಆಗಸ್ಟ್ 1ರಂದು ವಾರ್ಸಾ ನಗರದ ಗುಪ್ತ ಸೈನ್ಯವು ಜರ್ಮನರ ಮೇಲೆ ದಂಗೆಯೆದ್ದು 63 ದಿನ ಹೋರಾಡಿ ಸೋತಿತು. ಆ ದಿನಗಳಲ್ಲಿ ಯೋಧರು ನಗರದ ನೆಲದಡಿಯ ಕೊಳಚೆ ಕಾಲುವೆಗಳಲ್ಲಿ ಕತ್ತಲೆಯೊಳಗೆ ತೆವಳಿ ಸಾಗಿದರು. ಅದೇ ಆ ಚಿತ್ರದ ವಸ್ತು. ಕಾನ್ ಉತ್ಸವದಲ್ಲಿ ಅದಕ್ಕೆ ವಿಶೇಷ ಬಹುಮಾನ ದೊರೆಯಿತು. ತ್ಸಿಬುಲ್ಸ್ಕಿ ಅದರಲ್ಲಿ ಇಲ್ಲ. ಆದರೆ ಆ ಕಾಲುವೆಗಳನ್ನು ನೀವು ನೆನಪಿನಲ್ಲಿಡಬೇಕು. ಅವು ಆತನ ಕನ್ನಡಕಕ್ಕೆ ಸಂಬಂಧಿಸಿದವು.

ಈಗ 1958ಕ್ಕೆ ಬರೋಣ. ವಾಯ್ದಾನು ಯೆಝಿ ಆಂಜೆಯೆವ್ಸ್ಕಿ ಎಂಬ ಲೇಖಕನ 'ಬೂದಿ ಮತ್ತು ವಜ್ರ' ಎಂಬ ಕಾದಂಬರಿಯನ್ನು ಚಿತ್ರಕ್ಕೆ ಅಳವಡಿಸಿದನು. ಕಾದಂಬರಿಯ ಹಲವು ದಿನಗಳ ಕಥೆಯನ್ನು ಒಂದೇ ಹಗಲಿರುಳಿಗೆ ಹಿಡಿಸಿದನು. ಆ ದಿನ 1945ರ ಮೇ 8, ಐರೋಪ್ಯ ಯುದ್ಧ ಮುಗಿದ ದಿನ. ಕಥಾನಾಯಕ ಮಾಚೆಕ್ ಹಿಂದೆ ಜರ್ಮನರ ವಿರುದ್ಧ ಕಾದಾಡಿದ ಗುಪ್ತ ಸೈನ್ಯದ ತರುಣ. ಯುದ್ಧವೇನೋ ಮುಗಿಯಿತು, ಆದರೆ ಮೇಲಿನವರು ಅವನ ಕೈಯಿಂದ ಬಂದೂಕನ್ನು ಇಳಿಸಲಿಲ್ಲ. ಹೊಸ ಕಮ್ಯೂನಿಸ್ಟ್ ಆಡಳಿತದ ಒಬ್ಬ ಹಿರಿಯ ಅಧಿಕಾರಿಯನ್ನು ಕೊಲ್ಲಬೇಕೆಂದು ಆಜ್ಞೆ. ಮೊದಲ ಪ್ರಯತ್ನದಲ್ಲಿ ಗುರುತು ತಪ್ಪಿ ಇಬ್ಬರು ನಿರಪರಾಧಿ ಕಾರ್ಮಿಕರು ಸಾಯುತ್ತಾರೆ. ಆ ರಾತ್ರಿ ಊರಿನ ಹೋಟೆಲಿನಲ್ಲಿ ಕ್ರಿಸ್ತಿನಾ ಎಂಬ ಹುಡುಗಿಯ ಪರಿಚಯವಾಗುತ್ತದೆ. ಒಂದೇ ರಾತ್ರಿಯಲ್ಲಿ ಅವನಿಗೆ ಸಾಮಾನ್ಯ ಮನುಷ್ಯನಂತೆ ಓದಿ, ಮನೆ ಮಾಡಿ ಬದುಕುವ ಆಸೆ ಹುಟ್ಟುತ್ತದೆ. ಬದುಕಬೇಕೆಂದರೆ ಸಂಗಾತಿಗಳಿಗೆ ಕೊಟ್ಟ ಮಾತನ್ನು ಮುರಿಯಬೇಕು. ಮಾತನ್ನು ಉಳಿಸಿಕೊಂಡರೆ, ತನ್ನಂತೆಯೇ ದೇಶಕ್ಕಾಗಿ ಕಷ್ಟಪಟ್ಟ ಒಬ್ಬ ಮುದುಕನನ್ನು ಕೊಲ್ಲಬೇಕು. ಇಂಥ ಇಕ್ಕಟ್ಟನ್ನು ಶಾಲೆಯ ಮಕ್ಕಳ ಮುಂದೆ ಹೇಳಬಹುದೇ ಎಂದು ನಾನು ಬಹಳ ಯೋಚಿಸಿದೆ. ಕುರುಕ್ಷೇತ್ರದ ಕಥೆಯನ್ನು ಯಕ್ಷಗಾನದಲ್ಲಿ ಬೆಳಗಿನವರೆಗೆ ಕುಳಿತು ನೋಡುವ ಮಕ್ಕಳಿಗೆ ಹೇಳಬಹುದೆಂದೇ ತೀರ್ಮಾನಿಸಿದೆ.

ಮಾಚೆಕ್ ಪಾತ್ರಕ್ಕೆ ವಾಯ್ದಾನ ಮನಸ್ಸಿನಲ್ಲಿ ಮೊದಲಿಗೆ ಇದ್ದವನು ತದೇವುಷ್ ಯಂಚಾರ್ ಎಂಬ ಬೇರೆ ನಟ. 'ಒಂದು ತಲೆಮಾರು', 'ಕಾಲುವೆ' ಎರಡರಲ್ಲಿಯೂ ಚೆನ್ನಾಗಿ ಅಭಿನಯಿಸಿದ್ದವನು. ಸಹಾಯಕ ನಿರ್ದೇಶಕ ಯಾನುಷ್ ಮೊರ್ಗೆನ್‌ಸ್ಟೆರ್ನ್ ಎಂಬಾತನು ತ್ಸಿಬುಲ್ಸ್ಕಿಯ ಹೆಸರನ್ನು ಸೂಚಿಸಿ ಒತ್ತಾಯಿಸಿದನು. ವಾಯ್ದಾ ಒಪ್ಪಿದನು.

ನಟ ಬಂದನು, ಬಂದದ್ದು ತನ್ನ ನಿತ್ಯದ ವೇಷದಲ್ಲಿಯೇ. ಬಿಗಿಯಾದ ಷರಾಯಿ, ಗಿಡ್ಡ ಕೋಟು, ಮೂಗಿನ ಮೇಲೆ ಕಪ್ಪು ಗಾಜಿನ ಕನ್ನಡಕ. ಆತನ ಕಣ್ಣುಗಳು ದುರ್ಬಲವಾಗಿದ್ದುದರಿಂದ ಕನ್ನಡಕ ಅಲಂಕಾರವಲ್ಲ, ಅಗತ್ಯ. ವಸ್ತ್ರವಿನ್ಯಾಸಕರು 1945ರ ಕಾಲಕ್ಕೆ ತಕ್ಕ ಉಡುಪನ್ನು ಸಿದ್ಧಪಡಿಸಿದ್ದರು. ಆತನು ತೊಡಲು ಒಪ್ಪದೆ, ತಾನು ಬಂದ ಬಟ್ಟೆಯಲ್ಲಿಯೇ ಅಭಿನಯಿಸುವೆನೆಂದನು. ನಿರ್ದೇಶಕನು ಹಟ ಹಿಡಿಯದೆ ಸಮ್ಮತಿಸಿದನು. 1945ರ ಯೋಧನು 1958ರ ವಿದ್ಯಾರ್ಥಿಯಂತೆ ಕಾಣುತ್ತಾನೆಂಬ ಆಕ್ಷೇಪಣೆಯು ನ್ಯಾಯವಾದುದೇ. ಇತಿಹಾಸದ ಮಾಸ್ತರನಾದ ನಾನು ನಮ್ಮ ಮಕ್ಕಳ ನಾಟಕದಲ್ಲಿ ಪುಲಿಕೇಶಿಯ ಕೈಗೆ ಗಡಿಯಾರ ಕಟ್ಟಿದ್ದರೆ ಬಿಚ್ಚಿಸದೆ ಬಿಡುವವನಲ್ಲ. ಆದರೆ ಇಲ್ಲಿ ನಾನು ನಟನ ಪಕ್ಷ. ಚಿತ್ರಮಂದಿರದಲ್ಲಿ ಕುಳಿತಿದ್ದ ಪೋಲಿಷ್ ತರುಣರು ತೆರೆಯ ಮೇಲೆ ಗತಕಾಲದ ವೀರನನ್ನು ಕಾಣಲಿಲ್ಲ. ತಮ್ಮ ಬೀದಿಯ ಹುಡುಗನನ್ನು ಕಂಡರು. 'ಅವರ ಕಾಲದಲ್ಲಿ ಹಾಗಿತ್ತಂತೆ' ಎಂದು ಕೈತೊಳೆದುಕೊಳ್ಳುವ ಅವಕಾಶವನ್ನು ಆ ಬಟ್ಟೆ ಅವರಿಗೆ ಕೊಡಲಿಲ್ಲ.

ಕನ್ನಡಕದ ವಿಷಯಕ್ಕೆ ಬರುತ್ತೇನೆ. ಚಿತ್ರದಲ್ಲಿ ಕ್ರಿಸ್ತಿನಾ ಅವನನ್ನು, ಯಾವಾಗಲೂ ಕಪ್ಪು ಕನ್ನಡಕವೇಕೆ ಎಂದು ಕೇಳುತ್ತಾಳೆ. ಅವನು ಮೊದಲು ನಗೆಯಾಡುವಂತೆ, ತಾಯ್ನಾಡಿನ ಮೇಲಿಟ್ಟ ಪ್ರೀತಿಗೆ ಮರುಪ್ರೀತಿ ದೊರೆಯದ್ದರ ಗುರುತೆಂದು ಹೇಳುತ್ತಾನೆ. ಆಮೇಲೆ ನಿಜವನ್ನು ತಿಳಿಸುತ್ತಾನೆ: ದಂಗೆಯ ದಿನಗಳಲ್ಲಿ ಕೊಳಚೆ ಕಾಲುವೆಗಳಲ್ಲಿ ಬಹುಕಾಲ ಅಲೆದುದರಿಂದ ಕಣ್ಣು ಕೆಟ್ಟಿದೆ. ನಟನ ಸ್ವಂತ ದೃಷ್ಟಿದೋಷವು ಹೀಗೆ ಒಂದು ಇಡೀ ನಗರದ ಗಾಯವಾಯಿತು. ತನ್ನಲ್ಲಿದ್ದ ಕೊರತೆಯನ್ನು ಮುಚ್ಚಿಡಲು ಹೋಗಿದ್ದರೆ ಆ ಪಾತ್ರಕ್ಕೆ ಆ ಮುಖವೇ ಇರುತ್ತಿರಲಿಲ್ಲ.

ಇನ್ನೊಂದು ದೃಶ್ಯವನ್ನು ಬಿಟ್ಟು ಮುಂದುವರಿಯಲಾರೆ. ಹೋಟೆಲಿನ ಕಟ್ಟೆಯ ಮೇಲೆ ಮದ್ಯದ ಬಟ್ಟಲುಗಳ ಸಾಲು. ಮಾಚೆಕ್ ಒಂದೊಂದು ಬಟ್ಟಲಿಗೂ ಬೆಂಕಿ ಕಡ್ಡಿಯನ್ನು ತಾಗಿಸುತ್ತಾನೆ. ನೀಲಿ ಜ್ವಾಲೆ ಏಳುತ್ತದೆ. ಜ್ವಾಲೆಗೊಂದರಂತೆ ಸತ್ತ ಗೆಳೆಯರ ಹೆಸರುಗಳು ಹೊರಬೀಳುತ್ತವೆ. ಹೆಸರುಗಳ ಹೊರತು ಬೇರೆ ಮಾತಿಲ್ಲವೆನ್ನಬಹುದು. ಇದನ್ನು ನೋಡಿದಾಗ ನನಗೆ ಗ್ದಾನ್ಸ್ಕಿನ ಆ ವಿದ್ಯಾರ್ಥಿ ರಂಗಮಂಚ ನೆನಪಾಗುತ್ತದೆ. ಒಂದು ಸಾಮಾನು, ಒಂದು ಕೈಚಲನೆ, ನಡುವೆ ಮೌನ. ಇದೇ ಅಲ್ಲವೇ ಅವರು ನಾಲ್ಕು ವರ್ಷ ರಾತ್ರಿಗಳನ್ನು ಕಳೆದು ಕಲಿತ ಪಾಠ? ಚಿತ್ರದುದ್ದಕ್ಕೂ ಆತನ ದೇಹ ಒಂದು ಕಡೆ ನಿಲ್ಲುವುದಿಲ್ಲ: ಕುಪ್ಪಳಿಸುತ್ತಾನೆ, ಒರಗುತ್ತಾನೆ, ಥಟ್ಟನೆ ತಿರುಗುತ್ತಾನೆ. ಗುಂಡು ತಗುಲಿದ ಮೇಲೆ, ಒಣಗಲು ಹಾಕಿದ ಬಿಳಿಯ ಬಟ್ಟೆಗಳ ನಡುವೆ ಸಿಕ್ಕಿಕೊಂಡು, ಬಟ್ಟೆಯ ಮೇಲೆ ಮೂಡುವ ರಕ್ತದ ಕಲೆಯನ್ನು ತಾನೇ ಮುಟ್ಟಿ ನೋಡಿಕೊಳ್ಳುತ್ತಾನೆ. ಕಡೆಗೆ ಊರ ಹೊರಗಿನ ಕಸದ ರಾಶಿಯ ಮೇಲೆ ಕೈಕಾಲು ಮುದುಡಿಕೊಂಡು ಸಾಯುತ್ತಾನೆ. ವೀರಮರಣದ ಗಾಂಭೀರ್ಯವೇ ಇಲ್ಲದ ಸಾವು. ಸರಕಾರವು ಶತ್ರುವೆಂದು ಸಾರಿದ್ದ ಪಕ್ಷದ ಹುಡುಗನಿಗಾಗಿ ಜನ ಅತ್ತರು.

ಗೆಳೆಯ ಕೊಬ್ಯೆಲಾನನ್ನು ನೆನಪಿಡಿರೆಂದಿದ್ದೆನಲ್ಲವೇ? ಆತನೂ ಇದೇ ಚಿತ್ರದಲ್ಲಿದ್ದಾನೆ: ಎರಡೂ ಪಕ್ಷಗಳಿಗೆ ಸೇವೆ ಸಲ್ಲಿಸುತ್ತ, ಕುಡಿದು, ಅಧಿಕಾರಿಗಳ ಔತಣದ ಮೇಜಿನ ಮೇಲೆ ಬೆಂಕಿ ನಂದಿಸುವ ಯಂತ್ರದ ನೊರೆಯನ್ನು ಸುರಿಯುವ ನಗೆಗಾರ ಕಾರ್ಯದರ್ಶಿಯಾಗಿ.

ಚಿತ್ರವು 1958ರ ಅಕ್ಟೋಬರಿನಲ್ಲಿ ಬಿಡುಗಡೆಯಾಯಿತು. ಮರುವರ್ಷ ವೆನಿಸ್ ಉತ್ಸವದಲ್ಲಿ ಸ್ಪರ್ಧೆಯ ಹೊರಗೆ ಪ್ರದರ್ಶಿತವಾಗಿ ಅಂತರರಾಷ್ಟ್ರೀಯ ವಿಮರ್ಶಕರ ಬಹುಮಾನವನ್ನು ಪಡೆಯಿತು. ಮೂವತ್ತರ ವಯಸ್ಸಿನಲ್ಲಿ ತ್ಸಿಬುಲ್ಸ್ಕಿ ಏಕಾಏಕಿ ಜಗತ್ತಿಗೆ ಪರಿಚಿತನಾದನು. ಅದೇ ವರ್ಷ ಆತನು ನಾಯಕನಾಗಿದ್ದ 'ವಾರದ ಎಂಟನೆಯ ದಿನ' ಎಂಬ ಮತ್ತೊಂದು ಚಿತ್ರವೂ ತಯಾರಾಗಿತ್ತು. ತಲೆಯ ಮೇಲೊಂದು ಸೂರಿಗಾಗಿ, ನಾಲ್ಕು ಗೋಡೆಗಳಿಗಾಗಿ ಪರದಾಡುವ ಪ್ರೇಮಿಗಳ ಕಥೆ. ಅದು ಹೊರದೇಶಗಳಲ್ಲಿ ತೆರೆಕಂಡರೂ ಸ್ವದೇಶದಲ್ಲಿ ನಿಷಿದ್ಧವಾಯಿತು. ಪೋಲೆಂಡಿನ ಪ್ರೇಕ್ಷಕರು ಅದನ್ನು ಕಂಡದ್ದು 1983ರಲ್ಲಿ. ಅಷ್ಟರಲ್ಲಿ ನಟನು ತೀರಿಕೊಂಡು ಹದಿನಾರು ವರ್ಷಗಳಾಗಿದ್ದವು.

ಪೋಷಕರಿಗೆ ನಾನು ಬಣ್ಣದ ಚಿತ್ರವನ್ನು ಮಾತ್ರ ತೋರಿಸಿ ಮೋಸ ಮಾಡಬಾರದು. ಆ ಒಂದು ಕೀರ್ತಿ ಆತನಿಗೆ ಭಾರವೂ ಆಯಿತು. ಜನರು ಆತನನ್ನು ಅಮೆರಿಕದ ಜೇಮ್ಸ್ ಡೀನ್ ಎಂಬ ಅಲ್ಪಾಯುಷಿ ನಟನೊಡನೆ ಹೋಲಿಸತೊಡಗಿದರು. ಎಲ್ಲಿ ಹೋದರೂ ಕಪ್ಪು ಕನ್ನಡಕದ ಮಾಚೆಕ್‌ನನ್ನೇ ಹುಡುಕಿದರು. ಆತನು ಗ್ದಾನ್ಸ್ಕಿನ ರಂಗಕ್ಕೆ ಮರಳಿ, 1959ರಲ್ಲಿ 'ಮಳೆ ತುಂಬಿದ ಟೋಪಿ' ಎಂಬ ಅಮೆರಿಕನ್ ನಾಟಕದಲ್ಲಿ ಮಾದಕ ವಸ್ತುವಿಗೆ ದಾಸನಾದ ಮಾಜಿ ಸೈನಿಕನ ಪಾತ್ರವನ್ನು ವಹಿಸಿದನು. ಅದನ್ನು ರಂಗಕ್ಕೆ ತಂದವನೂ ವಾಯ್ದಾನೇ. ಅದೇ ವರ್ಷದ 'ರೈಲು' ಎಂಬ ಚಿತ್ರದಲ್ಲಿ, ತನ್ನನ್ನು ತೊರೆದ ಹೆಂಗಸಿನ ಹಿಂದೆ ರೈಲಿನ ಡಬ್ಬಿಯಿಂದ ಡಬ್ಬಿಗೆ ಅಲೆಯುವ ನಿರಾಶ ತರುಣನಾದನು.

ಕಲ್ಲಿದ್ದಲಿನ ರೈಲಿನಿಂದ ತೊಡಗಿ ಆತನ ಚಿತ್ರಗಳಲ್ಲಿ ರೈಲು ಮತ್ತೆ ಮತ್ತೆ ಬರುವುದನ್ನು ನೀವು ಗಮನಿಸಿರಬಹುದು. 1967ನೆಯ ಜನವರಿ 8ರ ಮುಂಜಾವಿನಲ್ಲಿ ವ್ರೊತ್ಸ್ವಾಫ್ ನಗರದ ನಿಲ್ದಾಣದಲ್ಲಿ, ಆಗಲೇ ಹೊರಟಿದ್ದ ವಾರ್ಸಾ ರೈಲಿಗೆ ಹಾರಿ ಹತ್ತಲು ಹೋಗಿ, ಜಾರಿ ಚಕ್ರಗಳಡಿಗೆ ಸಿಕ್ಕಿ ಆತನು ಮರಣ ಹೊಂದಿದನು. ವಯಸ್ಸು ಮೂವತ್ತೊಂಬತ್ತು. 'ಬೂದಿ ಮತ್ತು ವಜ್ರ'ದ ಬಹುಭಾಗದ ಚಿತ್ರೀಕರಣ ನಡೆದುದೂ ಅದೇ ಊರಿನಲ್ಲಿ. ಚಲಿಸುವ ರೈಲನ್ನು ಹತ್ತಬಾರದೆಂದು ನಮ್ಮ ಹುಡುಗರಿಗೆ ಎಷ್ಟು ಸಲ ಹೇಳಿದರೂ ಸಾಲದು. ಇಂದು ಇನ್ನೊಂದು ಸಲ ಹೇಳಿದ್ದೇನೆ. 1969ರಿಂದ ಪೋಲೆಂಡಿನಲ್ಲಿ ತರುಣ ಚಿತ್ರನಟರಿಗೆ ಆತನ ಹೆಸರಿನ ಪ್ರಶಸ್ತಿಯೊಂದನ್ನು ಕೊಡತೊಡಗಿದರು. ಮೊದಲನೆಯದನ್ನು ಪಡೆದವನು ದಾನ್ಯೆಲ್ ಓಲ್ಬ್ರಿಖ್ಸ್ಕಿ.

ಆದರೆ ನನ್ನ ಮಾತು ಆತನ ಆರಂಭದ ದಿನಗಳನ್ನು ಕುರಿತದ್ದು. ಅಲ್ಲಿಗೇ ಮರಳಿ ನಿಲ್ಲಿಸುತ್ತೇನೆ. 1960ರಲ್ಲಿ ಬಿಂ-ಬೊಂ ಮುಚ್ಚಿತು. ವಿದ್ಯಾರ್ಥಿಗಳು ಪದವೀಧರರಾದರು, ಕೆಲಸ ಹಿಡಿದರು, ಎಲ್ಲೆಡೆಯಂತೆ ಅಲ್ಲಿಯೂ. ಅದೇ ವರ್ಷ, ಹಿಂದೆ ಈತನ ಪರವಾಗಿ ಒತ್ತಾಯಿಸಿದ್ದ ಮೊರ್ಗೆನ್‌ಸ್ಟೆರ್ನ್ ತಾನೇ ಒಂದು ಚಿತ್ರವನ್ನು ನಿರ್ದೇಶಿಸಿದನು: 'ಹೋಗಿ ಬನ್ನಿ, ನಾಳೆ ಕಾಣೋಣ' ಎಂಬ ಅರ್ಥದ ಹೆಸರು. ಚಿತ್ರಕಥೆಯನ್ನು ಬರೆದವರಲ್ಲಿ ತ್ಸಿಬುಲ್ಸ್ಕಿಯೂ ಕೊಬ್ಯೆಲಾನೂ ಇದ್ದಾರೆ. ಗ್ದಾನ್ಸ್ಕಿನ ವಿದ್ಯಾರ್ಥಿ ರಂಗದ ಒಬ್ಬ ತರುಣನಿಗೆ ವಿದೇಶೀ ರಾಯಭಾರ ಕಚೇರಿಯ ಅಧಿಕಾರಿಯೊಬ್ಬನ ಮಗಳ ಮೇಲೆ ಪ್ರೀತಿ ಹುಟ್ಟುತ್ತದೆ. ಅವಳು ಊರು ಬಿಟ್ಟು ಹೋಗುತ್ತಾಳೆ. ಕಥೆ ಇಷ್ಟೇ. ಅದರ ನಡುವೆ ಆ ಊರಿನ ಹುಡುಗರ ಪುಟ್ಟ ರಂಗಮಂಚವೊಂದಿದೆ. ಅಲ್ಲಿ ಗೊಂಬೆಗಳಿಲ್ಲ, ವೇಷವಿಲ್ಲ. ಬರಿಯ ಕೈಗಳು ಬೆಳಕಿನಲ್ಲಿ ಎದ್ದು, ಒಂದನ್ನೊಂದು ಕಂಡು, ನಾಚಿ, ಮುನಿದು, ಬೇರೆಯಾಗುತ್ತವೆ. ಆ ಕೈಗಳ ಹುಡುಗರು ಮುಂದೆ ಯಾವ ಯಾವ ಉದ್ಯೋಗ ಹಿಡಿದರೋ, ಅವರ ತಂದೆತಾಯಿಗಳೂ ಒಮ್ಮೆ ಯಾರನ್ನೋ ಬದಿಗೆ ಕರೆದು ಅದೇ ಪ್ರಶ್ನೆಯನ್ನು ಕೇಳಿದ್ದರೋ! ಕೈಗಳು ಮಾತ್ರ ಇಂದಿಗೂ ಆ ಚಿತ್ರದಲ್ಲಿ ಕಾಣಸಿಗುತ್ತವೆ.

ಪರದೆಯ ಹಿಂದೆ ಯಾರೋ ಎರಡನೆಯ ಸಲ ಗಂಟೆ ಬಾರಿಸಿದರು. ನಾನಿನ್ನು ಕೆಳಗಿಳಿಯುತ್ತೇನೆ.